ಬಂಗಾಳಿ ರಂಗಭೂಮಿಯಲ್ಲಿ ನಟಿಯ ಉದಯ: ಬಿನೋದಿನಿ ದಾಸಿಯ ಹನ್ನೆರಡು ವರ್ಷಗಳು

ಬಂಗಾಳದ ಆಧುನಿಕ ರಂಗಭೂಮಿಯ ಚರಿತ್ರೆಯನ್ನು ನಾಟಕಕಾರರ ಮತ್ತು ನಾಟಕಶಾಲೆಗಳ ಒಡೆಯರ ಹೆಸರುಗಳ ಮೂಲಕ ನಿರೂಪಿಸುವುದು ವಾಡಿಕೆಯಾಗಿದೆ. ಆದರೆ ಹತ್ತೊಂಬತ್ತನೆಯ ಶತಮಾನದ ಕೊನೆಯ ಮೂರು ದಶಕಗಳಲ್ಲಿ ಆ ರಂಗಭೂಮಿಯ ಅಭಿನಯಕ್ಕೆ ಒಳಗಿನಿಂದ ರೂಪು ಕೊಟ್ಟವರು ಸಮಾಜವು ಹೊರಗಿಟ್ಟಿದ್ದ ಹೆಂಗಸರು ಎಂಬುದನ್ನು ಬಿಟ್ಟರೆ ಆ ಚರಿತ್ರೆ ಅಪೂರ್ಣವಾಗುತ್ತದೆ. ಅವರಲ್ಲಿ ಬಿನೋದಿನಿ ದಾಸಿಯ (1863–1941) ಸ್ಥಾನ ಅತ್ಯಂತ ಎತ್ತರದ್ದು.

ಸ್ತ್ರೀಪಾತ್ರವನ್ನು ಸ್ತ್ರೀಯೇ ವಹಿಸುವ ಪ್ರಯತ್ನಗಳು ಅದಕ್ಕೂ ಹಿಂದೆ ನಡೆದಿದ್ದವು. ರಷ್ಯಾದ ಸಂಗೀತಗಾರ ಗೆರಾಸಿಮ್ ಲೆಬೆಡೆಫ್ 1795ರಲ್ಲಿ ಕಲ್ಕತ್ತೆಯಲ್ಲಿ ಆಡಿಸಿದ ಬಂಗಾಳಿ ನಾಟಕದಲ್ಲಿ ಗಂಡಸರೊಂದಿಗೆ ಹೆಂಗಸರೂ ಅಭಿನಯಿಸಿದರು. 1835ರಲ್ಲಿ ನವೀನಚಂದ್ರ ಬಸು ತಮ್ಮ ಮನೆಯಲ್ಲಿ ಏರ್ಪಡಿಸಿದ ‘ವಿದ್ಯಾಸುಂದರ’ದಲ್ಲಿಯೂ ನಟಿಯರಿದ್ದರು. ಇವೆರಡೂ ಮುಂದುವರಿಯಲಿಲ್ಲ. ಶ್ರೀಮಂತರ ಅಂಗಳಗಳಲ್ಲಿ ಆಹ್ವಾನಿತರಿಗಾಗಿ ನಡೆಯುತ್ತಿದ್ದ ಖಾಸಗಿ ಪ್ರದರ್ಶನಗಳಲ್ಲಿ ಮೀಸೆ ಮೂಡದ ಹುಡುಗರೇ ರಾಣಿಯರಾದರು. ಟಿಕೆಟ್ ಮಾರಿ ಸಾರ್ವಜನಿಕರಿಗೆ ತೆರೆದ ರಂಗಭೂಮಿ 1872ರ ಡಿಸೆಂಬರ್ 7ರಂದು ನ್ಯಾಷನಲ್ ಥಿಯೇಟರಿನ ‘ನೀಲದರ್ಪಣ’ದಿಂದ ಆರಂಭವಾದಾಗಲೂ ಹೆಣ್ಣಿನ ಪಾತ್ರಗಳು ಗಂಡಸರ ಪಾಲಿಗೇ ಉಳಿದಿದ್ದವು.

ಮರುವರ್ಷ ಬಂಗಾಳ್ ಥಿಯೇಟರ್ ಈ ಪದ್ಧತಿಯನ್ನು ಮುರಿಯಿತು. ಕವಿ ಮೈಕೇಲ್ ಮಧುಸೂದನ ದತ್ತರ ಸಲಹೆಯಂತೆ ನಾಲ್ವರು ಹೆಂಗಸರನ್ನು ಸಂಬಳಕ್ಕೆ ನೇಮಿಸಿಕೊಂಡ ಆ ಸಂಸ್ಥೆ 1873ರ ಆಗಸ್ಟಿನಲ್ಲಿ ಅವರದೇ ‘ಶರ್ಮಿಷ್ಠಾ’ ನಾಟಕದಿಂದ ಬಾಗಿಲು ತೆರೆಯಿತಾದರೂ, ಅದನ್ನು ಕಾಣಲು ಮಧುಸೂದನರು ಉಳಿದಿರಲಿಲ್ಲ. ಅದೇ ಜೂನಿನಲ್ಲಿ ಅವರು ತೀರಿಕೊಂಡಿದ್ದರು. ವಿಧವಾವಿವಾಹಕ್ಕಾಗಿ ಹೋರಾಡಿದ ಈಶ್ವರಚಂದ್ರ ವಿದ್ಯಾಸಾಗರರು ಈ ನೇಮಕವನ್ನು ಒಪ್ಪದೆ ಸಲಹಾ ಸಮಿತಿಯಿಂದ ಹೊರನಡೆದರು. ನಟಿಯರು ವೇಶ್ಯಾವಾಟಿಕೆಗಳಿಂದ ಬಂದವರೆಂಬುದೇ ಇದಕ್ಕೆ ಕಾರಣ. ಗೃಹಸ್ಥ ಮನೆತನದ ಹೆಣ್ಣು ರಂಗವೇರುವುದು ಅಚಿಂತ್ಯವಾಗಿದ್ದ ಕಾಲದಲ್ಲಿ ಹಾಡು ಮತ್ತು ನೃತ್ಯದ ಪಾಠ ಪಡೆದಿದ್ದವರು ಆ ವಾಟಿಕೆಗಳ ಹೆಣ್ಣುಮಕ್ಕಳೇ ಆಗಿದ್ದರಿಂದ, ರಂಗಭೂಮಿಗೆ ಅವರ ಕಲೆ ಬೇಕಾಯಿತು. ಸಮಾಜ ಮಾತ್ರ ಅವರನ್ನು ತನ್ನವರೆಂದು ಒಪ್ಪಲಿಲ್ಲ. ಮುಂದಿನ ಅರ್ಧ ಶತಮಾನದ ನಟಿಯರ ಬದುಕನ್ನೆಲ್ಲ ಈ ಇಬ್ಬಂದಿ ನಿರ್ಧರಿಸಿತು.

ಅಂಥದೊಂದು ಬಡ ಮನೆಯಲ್ಲಿ ಬೆಳೆದ ಬಿನೋದಿನಿ 1874ರಲ್ಲಿ, ಇನ್ನೂ ಬಾಲಕಿಯಾಗಿದ್ದಾಗ, ತಿಂಗಳಿಗೆ 10 ರೂಪಾಯಿ ಸಂಬಳದ ಮೇಲೆ ಗ್ರೇಟ್ ನ್ಯಾಷನಲ್ ಥಿಯೇಟರನ್ನು ಸೇರಿ, ‘ಶತ್ರುಸಂಹಾರ’ದಲ್ಲಿ ದ್ರೌಪದಿಯ ಸಖಿಯಾಗಿ ಮೊದಲ ಬಾರಿಗೆ ಪ್ರೇಕ್ಷಕರ ಮುಂದೆ ನಿಂತಳು. 1875ರಲ್ಲಿ ತಂಡ ಉತ್ತರ ಭಾರತಕ್ಕೆ ಪ್ರವಾಸ ಹೋದಾಗ, ಲಖನೌದಲ್ಲಿ ‘ನೀಲದರ್ಪಣ’ವನ್ನು ನೋಡುತ್ತಿದ್ದ ಬಿಳಿಯರು ನೀಲಿ ತೋಟದ ದೊರೆಗೆ ಏಟು ಬೀಳುವ ದೃಶ್ಯದಿಂದ ಕೆರಳಿ ರಂಗದ ಮೇಲೇರಿದ್ದನ್ನು ಆಕೆಯ ನೆನಪುಗಳು ದಾಖಲಿಸಿವೆ. ಮುಂದಿನ ವರ್ಷ ಬಂದ ನಾಟಕ ಪ್ರದರ್ಶನ ನಿಯಂತ್ರಣ ಕಾಯಿದೆ ರಾಜಕೀಯ ನಾಟಕಗಳ ಬಾಯಿ ಕಟ್ಟಿತು. ರಂಗಭೂಮಿ ಪುರಾಣ ಮತ್ತು ಭಕ್ತಿಯ ವಸ್ತುಗಳತ್ತ ಹೊರಳಿದ್ದಕ್ಕೆ ಇದೂ ಒಂದು ಕಾರಣವಾಯಿತು.

ಬಂಗಾಳ್ ಥಿಯೇಟರಿನಲ್ಲಿ ಬಂಕಿಮಚಂದ್ರರ ಕಾದಂಬರಿಗಳ ನಾಯಕಿಯರಾಗಿ ಹೆಸರು ಗಳಿಸಿದ ಮೇಲೆ ಬಿನೋದಿನಿ ನಟ, ನಾಟಕಕಾರ ಮತ್ತು ನಿರ್ದೇಶಕ ಗಿರೀಶಚಂದ್ರ ಘೋಷರ ಶಿಷ್ಯೆಯಾದಳು. ಗಿರೀಶರ ಶಿಕ್ಷಣವು ಮಾತನ್ನು ಬಾಯಿಪಾಠ ಮಾಡಿಸುವುದಕ್ಕೆ ನಿಲ್ಲದೆ, ಪಾತ್ರದ ಮನಃಸ್ಥಿತಿಯನ್ನು ಬಿಡಿಸಿ ಹೇಳುವುದು, ಇಂಗ್ಲಿಷ್ ಕವಿಗಳ ಕೃತಿಗಳನ್ನೂ ವಿಲಾಯತಿಯ ನಟಿಯರ ಅಭಿನಯ ಕ್ರಮಗಳನ್ನೂ ವಿವರಿಸುವುದು, ಪ್ರವಾಸಿ ಇಂಗ್ಲಿಷ್ ತಂಡಗಳ ನಾಟಕಗಳನ್ನು ತೋರಿಸುವುದು ಎಲ್ಲವನ್ನೂ ಒಳಗೊಂಡಿತ್ತು. ಇದರ ಫಲವನ್ನು ‘ಮೇಘನಾದವಧ’ ಕಾವ್ಯದ ರಂಗರೂಪದಲ್ಲಿ ಕಾಣಬಹುದು. ಅದರಲ್ಲಿ ಬಿನೋದಿನಿ ಪ್ರಮೀಳೆ, ಸೀತೆ, ಚಿತ್ರಾಂಗದೆ, ರತಿ ಮೊದಲಾದ ಏಳು ಪಾತ್ರಗಳನ್ನು ವಹಿಸಿದಳು. ‘ದುರ್ಗೇಶನಂದಿನಿ’ಯಲ್ಲಿ ಆಯೇಷಾ ಮತ್ತು ತಿಲೋತ್ತಮೆ ಎಂಬ ಪರಸ್ಪರ ವಿರುದ್ಧ ಸ್ವಭಾವಗಳನ್ನು ಒಂದೇ ರಾತ್ರಿ ಆಡಿದ್ದೂ ಉಂಟು. ವೇಷ ಬದಲಾದಷ್ಟೇ ಬೇಗ ಮನಸ್ಸೂ ಬದಲಾಗಬೇಕಾದ ಇಂಥ ಅಭಿನಯ ಕೇವಲ ಕಂಠದ ಬಲದಿಂದ ಸಾಧ್ಯವಿಲ್ಲ.

ಶ್ರೀಮಂತ ಯುವಕ ಗುರ್ಮುಖ ರಾಯ್ ಬಿನೋದಿನಿಯನ್ನು ತನ್ನ ಆಶ್ರಯಕ್ಕೆ ಬಯಸಿದಾಗ, ಆತ ಕೊಡಲು ಮುಂದಾದ ಹಣಕ್ಕೆ ಬದಲಾಗಿ ಆಕೆ ಹೊಸ ನಾಟಕಶಾಲೆಯನ್ನೇ ಕೇಳಿದಳು. ಅದಕ್ಕೆ ಆಕೆಯ ಹೆಸರಿನ ಮೊದಲ ಅಕ್ಷರದಿಂದ ‘ಬಿ ಥಿಯೇಟರ್’ ಎಂದು ಹೆಸರಿಡುವ ಭರವಸೆಯನ್ನು ಸಂಗಡಿಗರು ಕೊಟ್ಟಿದ್ದರು. ನೋಂದಣಿಯಾದದ್ದು ‘ಸ್ಟಾರ್ ಥಿಯೇಟರ್’. ಪತಿತೆಯೆನಿಸಿದವಳ ಹೆಸರು ಹೊತ್ತ ಶಾಲೆಗೆ ಜನ ಬಾರರೆಂಬ ಅಂಜಿಕೆಯನ್ನು ಕಾರಣವೆಂದು ಹೇಳಲಾಗುತ್ತದೆ. ಯಾವ ಕಾರಣವೂ ಆ ಮಾತು ತಪ್ಪಿದ ಅನ್ಯಾಯವನ್ನು ಕಡಿಮೆ ಮಾಡಲಾರದು. 1883ರ ಜುಲೈ 21ರಂದು ಬೀಡನ್ ಬೀದಿಯ ಸ್ಟಾರ್ ‘ದಕ್ಷಯಜ್ಞ’ದಿಂದ ಆರಂಭವಾದಾಗ ಸತಿಯ ಪಾತ್ರದಲ್ಲಿದ್ದವಳು ಬಿನೋದಿನಿಯೇ.

1884ರ ‘ಚೈತನ್ಯಲೀಲಾ’ದಲ್ಲಿ ಆಕೆ ಚೈತನ್ಯ ಮಹಾಪ್ರಭುವಾಗಿ ಕಾಣಿಸಿಕೊಂಡಳು. ಬಾಲಕರು ಹೆಣ್ಣಾಗುತ್ತಿದ್ದ ರಂಗದಲ್ಲಿ ಹತ್ತೇ ವರ್ಷಗಳ ಬಳಿಕ ಒಬ್ಬ ಹೆಣ್ಣು ಸಂತನಾದದ್ದು ಈ ಇತಿಹಾಸದ ಅತಿ ದೊಡ್ಡ ತಿರುವು. ಆ ಸೆಪ್ಟೆಂಬರ್ 21ರಂದು ನಾಟಕ ನೋಡಿದ ಶ್ರೀರಾಮಕೃಷ್ಣ ಪರಮಹಂಸರು ಭಾವಪರವಶರಾಗಿ ಆಕೆಯನ್ನು ಹರಸಿದ ಮೇಲೆ, ನಾಟಕಶಾಲೆಯನ್ನು ದೂರವಿಟ್ಟಿದ್ದ ಭದ್ರಲೋಕ, ಅಂದರೆ ಮೇಲ್ಜಾತಿಯ ವಿದ್ಯಾವಂತ ವರ್ಗ, ಅಲ್ಲಿಗೆ ಬರಲು ಹಿಂಜರಿಯುವುದು ಕಡಿಮೆಯಾಯಿತು. 1887ರ ಆರಂಭದಲ್ಲಿ, ಖ್ಯಾತಿಯ ತುದಿಯಲ್ಲಿದ್ದಾಗಲೇ, ಬಿನೋದಿನಿ ರಂಗವನ್ನು ಬಿಟ್ಟಳು, ಮತ್ತೆ ಮರಳಲಿಲ್ಲ. 1912ರಲ್ಲಿ ಪ್ರಕಟವಾದ ಆತ್ಮಕಥೆ ‘ಆಮಾರ್ ಕಥಾ’ ಆ ಹನ್ನೆರಡು ವರ್ಷಗಳ ಅಭ್ಯಾಸ, ಸಂತೋಷ ಮತ್ತು ವಂಚನೆಯನ್ನು ಬಚ್ಚಿಡದೆ ಹೇಳುತ್ತದೆ. ಭಾರತೀಯ ನಟಿಯರ ಆತ್ಮಕಥೆಗಳಲ್ಲಿ ಅದು ಅತ್ಯಂತ ಹಳೆಯವುಗಳಲ್ಲೊಂದು. ಗುರುವನ್ನು ಅಷ್ಟು ಗೌರವಿಸುತ್ತಲೇ ಅವರ ಕಾಲದ ತಪ್ಪನ್ನು ಅಷ್ಟು ಸ್ಪಷ್ಟವಾಗಿ ಬರೆದದ್ದಕ್ಕೆ ಅಭಿನಯಕ್ಕೆ ಬೇಕಾದಷ್ಟೇ ಧೈರ್ಯ ಬೇಕಾಗಿತ್ತು.

ಆಕೆ ತೆರವು ಮಾಡಿದ ಜಾಗ ಬರಿದಾಗಲಿಲ್ಲ. ಗಿರೀಶರು 1893ರಲ್ಲಿ ಮಿನರ್ವಾ ಥಿಯೇಟರಿನಲ್ಲಿ ‘ಮ್ಯಾಕ್‌ಬೆತ್’ ಅನ್ನು ಬಂಗಾಳಿಗೆ ತಂದಾಗ ತಿನ್‌ಕಡಿ ದಾಸಿ ಲೇಡಿ ಮ್ಯಾಕ್‌ಬೆತ್ ಆದಳು; ಸ್ಟಾರ್‌ನಲ್ಲಿ ಬಾಲನಟಿಯಾಗಿ ಬಂದ ತಾರಾಸುಂದರಿ ಮುಂದಿನ ಶತಮಾನದವರೆಗೂ ಪ್ರಮುಖ ಪಾತ್ರಗಳನ್ನು ಹೊತ್ತಳು. 1944ರ ‘ನವಾನ್ನ’ದಲ್ಲಿಯೂ 1954ರ ‘ರಕ್ತಕರಬಿ’ಯಲ್ಲಿಯೂ ತೃಪ್ತಿ ಮಿತ್ರ ಅಭಿನಯಿಸುವ ಹೊತ್ತಿಗೆ ಮಧ್ಯಮ ವರ್ಗದ ಮನೆಗಳ ಹೆಣ್ಣುಮಕ್ಕಳು ರಂಗಕ್ಕೆ ಬರುವಂತಾಗಿತ್ತು. 2024ರ ಕೊನೆಯಲ್ಲಿ ಪಶ್ಚಿಮ ಬಂಗಾಳ ಸರ್ಕಾರ ಸ್ಟಾರ್ ಥಿಯೇಟರಿಗೆ ಬಿನೋದಿನಿಯ ಹೆಸರಿಡುವುದಾಗಿ ಪ್ರಕಟಿಸಿತು. ಅದು ಆಕೆ ರಂಗ ಬಿಟ್ಟ ಮೇಲೆ, 1888ರಲ್ಲಿ, ಹಾಥಿಬಾಗಾನ್‌ನಲ್ಲಿ ಆರಂಭವಾದ ನಾಟಕಶಾಲೆ. ಆಕೆ ಕಟ್ಟಿಸಲು ನೆರವಾದದ್ದು ಬೀಡನ್ ಬೀದಿಯ ಮೊದಲ ಸ್ಟಾರ್.