ಹೊಳೆಯ ಜಿಂಕೆ

ನಮ್ಮ ತೀರ್ಥಹಳ್ಳಿ ಕಡೆ ಕಪ್ಪೆ ವಟಗುಟ್ಟಿದರೆ ಮಳೆ ಬರುತ್ತದೆ ಅನ್ನುತ್ತೇವೆ, ಅಷ್ಟೇ. ಆ ದನಿ ಕೇಳಲೆಂದೇ ಊರು ದಾಟಿ ಹೋದವರನ್ನು ನಾನು ಕಂಡಿಲ್ಲ. ನಾನು ಹೋದೆ. ಜೂನ್ ತಿಂಗಳ ಒಂದು ಸಂಜೆ, ಜಪಾನಿನ ತೊತ್ತೊರಿ ಸೀಮೆಯ ಮಿಸಾಸಾ ಎಂಬ ಬಿಸಿನೀರ ಬುಗ್ಗೆಗಳ ಊರಿಗೆ.

ಮಿತೊಕು ಹೊಳೆಯ ನಡುವೆ ಒಂದು ಕಲ್ಲು. ಅದರ ಮೇಲೆ ಕಲ್ಲಿನದೇ ಬಣ್ಣದ, 4 ಸೆಂಟಿಮೀಟರ್ ಉದ್ದದ ಗಂಡು ಕಪ್ಪೆ. ಗಂಟಲು ಉಬ್ಬಿತು. ಹೊರಟದ್ದು ವಟವಟವಲ್ಲ, ನಡುಗುತ್ತಾ ಏರಿ ನೀರಿನ ಮೊರೆತವನ್ನೂ ಮೀರಿ ಬರುವ ಸಿಳ್ಳು.

ಇದು ಕಜಿಕಾ. ಹೆಸರು ಬರೆಯುವ ಎರಡು ಅಕ್ಷರಗಳಿಗೆ ಹೊಳೆ, ಜಿಂಕೆ ಎಂದರ್ಥ. ಅದರ ದನಿ ಗಂಡುಜಿಂಕೆಯ ಕೂಗಿನಂತೆ ಕೇಳಿಸಿತಂತೆ. ಹಳೆಯ ಕವಿಗಳು ಕರೆದದ್ದು ಕವಾಝು ಎಂದು. 905ರ ಸುಮಾರಿನ ಕೊಕಿನ್‌ಶೂ ಕವಿತಾ ಸಂಕಲನದ ಮುನ್ನುಡಿಯಲ್ಲಿ ಕವಿ ಕಿ ನೊ ತ್ಸುರಯುಕಿ ಅದನ್ನು ಹಾಡುವ ಜೀವಿಗಳ ಸಾಲಿಗೇ ಸೇರಿಸಿದ. ಕ್ಯೋತೊದ ದಕ್ಷಿಣಕ್ಕಿರುವ ಇದೆ ಎಂಬಲ್ಲಿನ ಕಪ್ಪೆಗಳಿಗಂತೂ ಕಾವ್ಯದಲ್ಲಿ ದೊಡ್ಡ ಹೆಸರು. 12ನೇ ಶತಮಾನದ ಫುಕುರೊ ಝೋಶಿ ಎಂಬ ಗ್ರಂಥದಲ್ಲಿ ಒಂದು ಪ್ರಸಂಗವಿದೆ. ಕವಿ ನೋಇನ್ ತನ್ನ ಅಮೂಲ್ಯ ಆಸ್ತಿಯೆಂದು ನಗರಾ ಎಂಬ ಸೇತುವೆಯ ಮರದ ಚಕ್ಕೆಯೊಂದನ್ನು ತೆಗೆದು ತೋರಿಸುತ್ತಾನೆ. ಎದುರಿಗಿದ್ದ ತೊಕಿನೊಬು ಎಂಬಾತ ಹಿಗ್ಗಿ ತನ್ನ ಗಂಟು ಬಿಚ್ಚುತ್ತಾನೆ: ಒಣಗಿದ ಕಪ್ಪೆ, ಇದೆ ಊರಿನದು! ಇಬ್ಬರೂ ಮೆಚ್ಚಿಕೊಂಡು, ಮತ್ತೆ ಮಡಿಲಿಗೆ ಸೇರಿಸಿ ಎದ್ದು ಹೋಗುತ್ತಾರೆ. ಓದಿದಾಗಲೆಲ್ಲ ನನ್ನ ಕಣ್ಣು ತೇವವಾಗುತ್ತದೆ.

ಮುಂದಿನವರಿಗೆ ಜೀವಂತ ದನಿಯೇ ಮನೆಯಲ್ಲಿ ಬೇಕಾಯಿತು. ನೀರಿನ ತಟ್ಟೆ, ಒಂದೆರಡು ಕಲ್ಲು, ಮೇಲೆ ಸಣ್ಣ ಕಣ್ಣಿನ ಬಲೆ, ತಿನ್ನಲು ನೊಣ. ಈ ಸಾಕಣೆಯ ಬಗ್ಗೆ ಲೇಖಕ ಲಫ್ಕಾಡಿಯೊ ಹರ್ನ್ 1898ರ ತನ್ನ ಪುಸ್ತಕದಲ್ಲಿ ಬರೆದಿದ್ದಾನೆ. ಆ ಪಂಜರಗಳನ್ನು ನೆನೆದರೆ ಸಂಕಟವಾಗುತ್ತದೆ. ಹೊಳೆಯ ಒಂದೊಂದು ಕಲ್ಲೂ ಒಂದೊಂದು ಗಂಡಿನ ಸೀಮೆ. ಅದು ಕೂಗುವುದು ಹೆಣ್ಣನ್ನು ಕರೆಯಲು, ಪಕ್ಕದ ಗಂಡನ್ನು ದೂರವಿಡಲು. ತಟ್ಟೆಯೊಳಗೆ ಯಾರನ್ನು ಕರೆಯಬೇಕು?

ನಮ್ಮ ಆಗುಂಬೆಯ ಹಾರುವ ಕಪ್ಪೆಯೂ ಕಜಿಕಾದ ಕುಟುಂಬದ್ದೇ. ಅದು ನೀರಿನ ಮೇಲೆ ಬಾಗಿದ ಎಲೆಗಳಲ್ಲಿ ನೊರೆಗೂಡು ಕಟ್ಟಿದರೆ, ಕಜಿಕಾ ಹರಿವ ನೀರಿನ ಕಲ್ಲಿನಡಿಗೇ ಮೊಟ್ಟೆಯಿಡುತ್ತದೆ. ಮರಿಗಳು ಬಾಯಿಯಿಂದ ಕಲ್ಲಿಗೆ ಅಂಟಿಕೊಂಡು ಸೆಳವನ್ನು ಎದುರಿಸುತ್ತವೆ. ಅಣೆಕಟ್ಟಿನಿಂದ ಹರಿವು ನಿಂತು ಕಲ್ಲಿನ ಸಂದಿಗೆ ಹೂಳು ತುಂಬಿದರೆ ಸಂತಾನವೇ ಇಲ್ಲ. 1996ರಲ್ಲಿ ಜಪಾನ್ ಸರ್ಕಾರ ಉಳಿಸಬೇಕಾದ 100 ಸದ್ದುಗಳನ್ನು ಆರಿಸಿದಾಗ ಮಿತೊಕು ಹೊಳೆಯ ಜುಳುಜುಳುವನ್ನೂ ಕಜಿಕಾ ದನಿಯನ್ನೂ ಒಟ್ಟಿಗೇ ಸೇರಿಸಿತು, ಬೇರೆಬೇರೆಯಾಗಿ ಅಲ್ಲ.

ಕತ್ತಲಾಯಿತು. ಆಚೆ ದಡದ ಕಲ್ಲಿನಿಂದ ಇನ್ನೊಂದು ಸಿಳ್ಳು ಕೇಳಿತು. ನನ್ನೆದುರಿನದು ಮೈ ತಿರುಗಿಸಿ, ಅತ್ತ ಮುಖ ಮಾಡಿ ಕೂತಿತು.