ಬೆನ್ನು, ಹಗ್ಗ, ಹೆಲಿಕಾಪ್ಟರ್

1939ರ ಜುಲೈ ಕೊನೆಯ ವಾರ. ಕೆ2 ಶಿಖರದಲ್ಲಿ ಏಳೂವರೆ ಸಾವಿರ ಮೀಟರ್ ಎತ್ತರದ ಡೇರೆಯೊಂದರಲ್ಲಿ ಅಮೆರಿಕದ ಡಡ್ಲಿ ವುಲ್ಫ್ ಒಬ್ಬರೇ ಉಳಿದುಬಿಟ್ಟಿದ್ದರು. ತಂಡದ ಉಳಿದವರು ಕೆಳಗೆ ಇಳಿದಿದ್ದರು, ಮತ್ತೆ ಹತ್ತುವ ತ್ರಾಣ ಅವರಲ್ಲಿ ಉಳಿದಿರಲಿಲ್ಲ. ಹೊರಟವರು ಶೆರ್ಪಾಗಳು. ಅವರ ಮುಖಂಡ ಪಾಸಾಂಗ್ ಕಿಕುಲಿ ಒಬ್ಬ ಸಂಗಾತಿಯನ್ನು ಕರೆದುಕೊಂಡು ಬುಡದ ಶಿಬಿರದಿಂದ ಆರನೆಯ ಶಿಬಿರದವರೆಗೆ, ಎಂದರೆ ಎರಡು ಸಾವಿರ ಮೀಟರಿಗೂ ಹೆಚ್ಚು ಎತ್ತರವನ್ನು, ಒಂದೇ ದಿನದಲ್ಲಿ ಏರಿದರು. ಮರುದಿನ ಕಿಕುಲಿಯೂ ಸೇರಿ ಮೂವರು ಶೆರ್ಪಾಗಳು ವುಲ್ಫ್ ಇದ್ದಲ್ಲಿಗೆ ತಲುಪಿದರು. ಇಳಿಯುವ ಸ್ಥಿತಿಯಲ್ಲಿಲ್ಲದ ವುಲ್ಫ್ ನಾಳೆ ಬನ್ನಿ ಎಂದರು. ನಡುವೆ ಒಂದು ದಿನ ಬಿರುಗಾಳಿ ಬೀಸಿತು. ಜುಲೈ 31ರಂದು ಕಿಕುಲಿ ಮತ್ತಿಬ್ಬರೊಡನೆ ಮತ್ತೆ ಹತ್ತಿದರು. ಆ ಮೂವರೂ ಹಿಂತಿರುಗಲಿಲ್ಲ. ವುಲ್ಫ್ ಅವರ ಅವಶೇಷಗಳು 2002ರಲ್ಲಿ ಹಿಮನದಿಯ ಮೇಲೆ ಸಿಕ್ಕವು.

ಎತ್ತರದ ಶಿಖರಗಳಲ್ಲಿ ರಕ್ಷಣಾ ಕಾರ್ಯದ ಇತಿಹಾಸವನ್ನು ಇಲ್ಲಿಂದ ಶುರುಮಾಡುವುದೇ ಸರಿ. ಕಿಕುಲಿಗೆ ಅಪಾಯದ ಅರಿವಿರಲಿಲ್ಲ ಎನ್ನುವಂತಿಲ್ಲ. 1934ರಲ್ಲಿ ನಂಗಾ ಪರ್ಬತದ ಬಿರುಗಾಳಿ ಮೂವರು ಜರ್ಮನ್ ಆರೋಹಿಗಳನ್ನೂ ಆರು ಶೆರ್ಪಾಗಳನ್ನೂ ಬಲಿ ತೆಗೆದುಕೊಂಡಾಗ ಬದುಕಿ ಬಂದ ಕೆಲವರಲ್ಲಿ ಅವರೂ ಒಬ್ಬರು. ಆ ದುರಂತದಲ್ಲಿ ಗೇಲೇ ಎಂಬ ಶೆರ್ಪಾ, ತಂಡದ ನಾಯಕ ವಿಲ್ಲಿ ಮೆರ್ಕ್ಲ್ ಅವರನ್ನು ಬಿಟ್ಟು ಬರದೆ ಅವರ ಪಕ್ಕದಲ್ಲೇ ಪ್ರಾಣಬಿಟ್ಟರು. ಆಗ ರಕ್ಷಣೆಗೆ ಸಾಧನವೂ ಇರಲಿಲ್ಲ, ತಂತ್ರವೂ ಇರಲಿಲ್ಲ. ಒಬ್ಬನ ಬಳಿ ಇನ್ನೊಬ್ಬ ಹೋಗಿ ಮುಟ್ಟಿದರೆ ಅದೇ ರಕ್ಷಣೆ.

ತಂತ್ರ ಬೆಳೆದದ್ದು ಯುರೋಪಿನ ಆಲ್ಪ್ಸ್‌ನಲ್ಲಿ. ಅಲ್ಲಿ ಶಿಖರಗಳು ತಗ್ಗು, ಊರು ಹತ್ತಿರ. ಹಾಗಿದ್ದರೂ 1936ರಲ್ಲಿ ಐಗರ್ ಪರ್ವತದ ಉತ್ತರ ಮುಖದಲ್ಲಿ ಟೋನಿ ಕುರ್ಟ್ಸ್ ಹಗ್ಗದಲ್ಲಿ ನೇತಾಡುತ್ತಾ, ನೆರವಿಗೆ ಬಂದವರಿಂದ ಕೆಲವೇ ಮೀಟರ್ ಮೇಲೆ ಸತ್ತರು. ಎರಡು ಹಗ್ಗಗಳನ್ನು ಸೇರಿಸಿದ್ದ ಗಂಟು ಕೊಂಡಿಯೊಳಗೆ ತೂರಲಿಲ್ಲ, ಅಷ್ಟೇ. 1957ರ ಆಗಸ್ಟ್‌ನಲ್ಲಿ ಅದೇ ಗೋಡೆಯಲ್ಲಿ ನಾಲ್ವರು ಸಿಕ್ಕಿಬಿದ್ದಾಗ ಹಲವು ದೇಶಗಳ ಸ್ವಯಂಸೇವಕರು ಕೆಳಗಿನಿಂದ ಹತ್ತುವ ಯೋಚನೆಯನ್ನೇ ಬಿಟ್ಟರು. ತುದಿಯಲ್ಲಿ ರಾಟೆ ಹೂಡಿ, ಉಕ್ಕಿನ ತಂತಿಗೆ ಕಟ್ಟಿ ಮ್ಯೂನಿಕ್‌ನ ಆಲ್ಫ್ರೆಡ್ ಹೆಲ್ಲೆಪಾರ್ಟ್ ಅವರನ್ನು ನೂರಾರು ಮೀಟರ್ ಕೆಳಗಿಳಿಸಿದರು. ಅವರು ಇಟಲಿಯ ಕ್ಲಾಡಿಯೊ ಕೋರ್ಟಿಯನ್ನು ಬೆನ್ನಿಗೆ ಕಟ್ಟಿಕೊಂಡು ಮೇಲೆ ಬಂದರು. ಕೋರ್ಟಿಯ ಸಂಗಾತಿ ಲೊಂಗಿಯನ್ನು ತಲುಪುವ ಮೊದಲೇ ಹವೆ ಕೆಟ್ಟಿತು, ಅವರು ಉಳಿಯಲಿಲ್ಲ. ಅದೇನೇ ಇರಲಿ, ಮೇಲಿನಿಂದ ಇಳಿದು ಎತ್ತಿ ತರಬಹುದು ಎಂಬುದು ಅಂದು ಸಾಬೀತಾಯಿತು.

ಹಿಮಾಲಯ, ಕಾರಕೋರಂಗಳಲ್ಲಿ ಈ ವಿದ್ಯೆ ನಡೆಯಲಿಲ್ಲ. ಅಡ್ಡ ಬಂದದ್ದು ಗಾಳಿ. ಎವರೆಸ್ಟ್ ತುದಿಯಲ್ಲಿ ಸಿಗುವ ಆಮ್ಲಜನಕ ಸಮುದ್ರಮಟ್ಟದಲ್ಲಿ ಸಿಗುವುದರ ಮೂರನೇ ಒಂದು ಪಾಲು. ಎಂಟು ಸಾವಿರ ಮೀಟರಿನ ಮೇಲೆ ತನ್ನ ಕಾಲನ್ನು ತಾನೇ ಎತ್ತಿಡುವುದು ಕಷ್ಟವಾಗಿರುವಾಗ ಇನ್ನೊಬ್ಬನನ್ನು ಹೊರುವ ಮಾತೆಲ್ಲಿ?

1953ರಲ್ಲಿ ಕೆ2 ಏರಲು ಹೋದ ಅಮೆರಿಕನ್ ತಂಡಕ್ಕೆ ಎದುರಾದದ್ದು ಇದೇ ಪ್ರಶ್ನೆ. ಸುಮಾರು 7,700 ಮೀಟರಿನ ಶಿಬಿರದಲ್ಲಿ ಆರ್ಟ್ ಗಿಲ್ಕಿಯ ಕಾಲಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿತು. ನಾಯಕ ಚಾರ್ಲ್ಸ್ ಹೂಸ್ಟನ್ ವೈದ್ಯರು. ಗಿಲ್ಕಿ ಬದುಕುವುದು ಕಷ್ಟವೆಂದು ಅವರಿಗೆ ಗೊತ್ತಿತ್ತು. ಆದರೂ ಬಿಟ್ಟು ಬರೋಣ ಎಂದು ಯಾರೂ ಬಾಯಿ ಬಿಡಲಿಲ್ಲ. ಆಗಸ್ಟ್ 10ರಂದು ಗಿಲ್ಕಿಯನ್ನು ಮಲಗುಚೀಲದಲ್ಲಿ ಸುತ್ತಿ ಹಗ್ಗದಿಂದ ಇಳಿಸುತ್ತಿದ್ದಾಗ ಒಬ್ಬರು ಜಾರಿದರು, ಹಗ್ಗಗಳು ಒಂದಕ್ಕೊಂದು ತೊಡರಿ ಐವರು ಇಳಿಜಾರಿನಲ್ಲಿ ಉರುಳಿದರು. ಬಂಡೆಯ ಹಿಂದೆ ಹಿಮಗೊಡಲಿ ಸಿಕ್ಕಿಸಿ ಹಗ್ಗ ಹಿಡಿದು ನಿಂತಿದ್ದ ಪೀಟ್ ಶೋನಿಂಗ್ ಗಿಲ್ಕಿಯೂ ಸೇರಿ ಆರು ಮಂದಿಯ ಭಾರವನ್ನು ತಡೆದರು. ಮರದ ಹಿಡಿಯ ಆ ಕೊಡಲಿ ಈಗ ಕೊಲರಾಡೊದ ವಸ್ತುಸಂಗ್ರಹಾಲಯವೊಂದರಲ್ಲಿದೆ. ಗಾಯಗೊಂಡವರು ಡೇರೆ ಹಾಕುವಷ್ಟರಲ್ಲಿ, ಇಳಿಜಾರಿಗೆ ಬಿಗಿದಿಟ್ಟಿದ್ದ ಗಿಲ್ಕಿ ಕಾಣೆಯಾಗಿದ್ದರು. ಹಿಮಕುಸಿತ ಒಯ್ದಿತೋ, ಗೆಳೆಯರು ಉಳಿಯಲೆಂದು ಅವರೇ ಕಟ್ಟು ಬಿಚ್ಚಿಕೊಂಡರೋ ಎಂಬ ಚರ್ಚೆ ನಿಂತಿಲ್ಲ. ಸೋತ ರಕ್ಷಣಾ ಕಾರ್ಯವೊಂದು ಪರ್ವತಾರೋಹಣದ ಇತಿಹಾಸದಲ್ಲಿ ಇಷ್ಟು ಗೌರವ ಪಡೆದದ್ದು ಬೇರೆಲ್ಲೂ ಕಾಣುವುದಿಲ್ಲ.

ಹೂಸ್ಟನ್ ಮುಂದೆ ಪರ್ವತ ಬಿಟ್ಟು ಪ್ರಯೋಗಾಲಯದ ಕಡೆ ತಿರುಗಿದರು. ಎತ್ತರದಲ್ಲಿ ನ್ಯುಮೋನಿಯಾ ಎಂದು ತಿಳಿಯಲಾಗುತ್ತಿದ್ದ ಸಾವುಗಳಿಗೆ ಶ್ವಾಸಕೋಶದಲ್ಲಿ ನೀರು ತುಂಬುವುದು ಕಾರಣ ಎಂದು 1960ರಲ್ಲಿ ಅವರು ಬರೆದ ಲೇಖನ ವೈದ್ಯಲೋಕದ ಕಣ್ಣು ತೆರೆಸಿತು. 1962ರ ಯುದ್ಧದಲ್ಲಿ ಬಯಲುಸೀಮೆಯಿಂದ ಒಮ್ಮೆಲೇ ಹಿಮಾಲಯಕ್ಕೆ ಹೋದ ಭಾರತೀಯ ಸೈನಿಕರು ಕಾಯಿಲೆ ಬಿದ್ದ ಬಗೆಯನ್ನು ಇಂದರ್ ಸಿಂಗ್ ಮತ್ತು ಸಂಗಡಿಗರು ಅಧ್ಯಯನ ಮಾಡಿದರು. 1,925 ಸೈನಿಕರ ವಿವರಗಳಿದ್ದ ಆ ವರದಿ 1969ರಲ್ಲಿ ಪ್ರಕಟವಾಯಿತು. 1973ರಲ್ಲಿ ನೇಪಾಳದಲ್ಲಿ ಹಿಮಾಲಯನ್ ರೆಸ್ಕ್ಯೂ ಅಸೋಸಿಯೇಷನ್ ಹುಟ್ಟಿತು, ಎವರೆಸ್ಟ್ ದಾರಿಯ ಫೆರಿಚೆಯಲ್ಲಿ ಅದರ ಚಿಕಿತ್ಸಾಲಯ ನಡೆಯುತ್ತದೆ. ರೋಗಿಯನ್ನು ಒಳಗೆ ಮಲಗಿಸಿ ಗಾಳಿ ಪಂಪು ಮಾಡುವ ಗಾಮೋ ಚೀಲವೂ ಆಮೇಲೆ ಬಂತು. ಸದ್ದಿಲ್ಲದೆ ನಡೆದ ಈ ಕೆಲಸ ಎಷ್ಟೋ ರಕ್ಷಣಾ ಕಾರ್ಯಗಳ ಅಗತ್ಯವನ್ನೇ ತಪ್ಪಿಸಿದೆ. ಸಾಹಸಕಥೆಗಳಲ್ಲಿ ಮಾತ್ರ ಇದಕ್ಕೆ ಒಂದು ಸಾಲೂ ಸಿಗುವುದಿಲ್ಲ.

ಇನ್ನು ಹೆಲಿಕಾಪ್ಟರ್. ತೆಳುಗಾಳಿಯಲ್ಲಿ ರೆಕ್ಕೆಗೆ ಹಿಡಿತ ಸಿಗದು, ಎಂಜಿನ್ನಿಗೂ ಉಸಿರು ಸಾಲದು. ಹಿಮಾಲಯದಲ್ಲಿ ಹಾರಬಲ್ಲ ಹಗುರ ಯಂತ್ರ ಬೇಕೆಂದು ಭಾರತೀಯ ಸೇನೆ ಕೇಳಿದಾಗ ಫ್ರಾನ್ಸ್ ರೂಪಿಸಿದ್ದು ಲಾಮಾ. 1969ರಲ್ಲಿ ಮೊದಲು ಹಾರಿದ ಅದನ್ನು ಬೆಂಗಳೂರಿನ ಎಚ್‌ಎಎಲ್ ಚೀತಾ ಎಂಬ ಹೆಸರಿನಲ್ಲಿ ತಯಾರಿಸತೊಡಗಿತು. ಸಿಯಾಚಿನ್ ಠಾಣೆಗಳ ಜೀವನಾಡಿ ಇಂದಿಗೂ ಅದೇ ಕುಲದ ಯಂತ್ರಗಳು. ತಮಾಷೆಯೆಂದರೆ 2005ರ ಆಗಸ್ಟ್‌ನಲ್ಲಿ ನಂಗಾ ಪರ್ಬತದ ರೂಪಲ್ ಮುಖದಲ್ಲಿ ಸಿಕ್ಕಿಕೊಂಡಿದ್ದ ಸ್ಲೊವೇನಿಯಾದ ತೊಮಾಜ್ ಹುಮಾರ್ ಅವರನ್ನು ಪಾಕಿಸ್ತಾನದ ಸೈನಿಕ ಪೈಲಟ್‌ಗಳು ಎತ್ತಿ ತಂದದ್ದೂ ಲಾಮಾದಲ್ಲೇ. ಇಳಿಬಿಟ್ಟ ಹಗ್ಗಕ್ಕೆ ತನ್ನನ್ನು ಸಿಕ್ಕಿಸಿಕೊಂಡ ಹುಮಾರ್ ಗೋಡೆಗೆ ಬಿಗಿದಿದ್ದ ಇನ್ನೊಂದು ಕಟ್ಟನ್ನು ಬಿಡಿಸಿರಲಿಲ್ಲ. ಹೆಲಿಕಾಪ್ಟರ್ ಒಂದು ಕ್ಷಣ ಪರ್ವತಕ್ಕೇ ಕಟ್ಟಿಹಾಕಿದಂತಾಯಿತು. ಅದೃಷ್ಟಕ್ಕೆ ಆ ಕಟ್ಟು ಹರಿಯಿತು.

ಅದಕ್ಕೂ ಮೊದಲು 1996ರ ಮೇ 10 ಮತ್ತು 11ರಂದು ಎವರೆಸ್ಟ್‌ನ ಬಿರುಗಾಳಿ ಎಂಟು ಮಂದಿಯನ್ನು ಕೊಂದಿತ್ತು. ಉತ್ತರದ ಬದಿಯಲ್ಲಿ ಸತ್ತ ಮೂವರು ನಮ್ಮ ಇಂಡೊ ಟಿಬೆಟನ್ ಗಡಿ ಪೊಲೀಸ್ ಪಡೆಯವರು. ದಕ್ಷಿಣದಲ್ಲಿ ಸತ್ತರೆಂದು ಬಿಟ್ಟುಬಂದಿದ್ದ ಬೆಕ್ ವೆದರ್ಸ್ ತಾವೇ ಎದ್ದು ಡೇರೆಗೆ ನಡೆದುಬಂದರು. ಅವರನ್ನು ಕೆಳಗೆ ತಂದ ಮೇಲೆ, ಖುಂಬು ಹಿಮಪ್ರಪಾತದ ಮೇಲ್ಗಡೆ, ಸುಮಾರು ಆರು ಸಾವಿರ ಮೀಟರಿನಲ್ಲಿ, ನೇಪಾಳ ಸೇನೆಯ ಲೆಫ್ಟಿನೆಂಟ್ ಕರ್ನಲ್ ಮದನ್ ಖತ್ರಿ ಛೇತ್ರಿ ಹೆಲಿಕಾಪ್ಟರ್ ಇಳಿಸಿದರು. ಒಬ್ಬರನ್ನು ಮಾತ್ರ ಒಯ್ಯಲು ಸಾಧ್ಯವಿತ್ತು. ವೆದರ್ಸ್ ತಮ್ಮ ಸರದಿಯನ್ನು ತೈವಾನಿನ ಮಕಾಲು ಗೌ ಅವರಿಗೆ ಬಿಟ್ಟುಕೊಟ್ಟರು, ಮದನ್ ಮತ್ತೆ ಬಂದು ಅವರನ್ನೂ ಒಯ್ದರು.

ಆಮೇಲೆ ಮಿತಿ ಬೇಗ ಬೇಗ ಮೇಲೇರಿತು. 2010ರಲ್ಲಿ ಅನ್ನಪೂರ್ಣಾದ ಸುಮಾರು 6,900 ಮೀಟರಿನಿಂದ ಮೂವರು ಆರೋಹಿಗಳನ್ನು ಉದ್ದ ಹಗ್ಗದಲ್ಲಿ ಒಬ್ಬೊಬ್ಬರಾಗಿ ತೂಗಿಸಿಕೊಂಡು ಇಳಿಸಲಾಯಿತು. 2013ರಲ್ಲಿ ಇಟಲಿಯ ಪೈಲಟ್ ಮೌರಿಜಿಯೊ ಫೋಲಿನಿ ಎವರೆಸ್ಟ್‌ನಲ್ಲಿ 7,800 ಮೀಟರ್ ಮುಟ್ಟಿದರು. ಸೌಲಭ್ಯ ಬಂದ ಕಡೆ ದಂಧೆಯೂ ಬಂತು: ಅಗತ್ಯವಿಲ್ಲದ ಚಾರಣಿಗರನ್ನೂ ಹಾರಿಸಿ ವಿಮೆಯ ಹಣ ಎತ್ತುವ ನಕಲಿ ರಕ್ಷಣೆಗಳ ಬಗ್ಗೆ 2018ರಲ್ಲಿ ನೇಪಾಳ ಸರ್ಕಾರವೇ ತನಿಖೆ ನಡೆಸಬೇಕಾಯಿತು.

ಹೆಲಿಕಾಪ್ಟರ್ ಒಂದೇ ಸಾಲದ ಜಾಗಗಳು ಆದರೂ ಉಳಿದಿವೆ. 2016ರ ಫೆಬ್ರುವರಿ 3ರಂದು ಸಿಯಾಚಿನ್‌ನ 19,600 ಅಡಿ ಎತ್ತರದ ಠಾಣೆಯ ಮೇಲೆ ಹಿಮದ ಗೋಡೆ ಕುಸಿದು ಮದ್ರಾಸ್ ರೆಜಿಮೆಂಟಿನ ಹತ್ತು ಸೈನಿಕರು ಹೂತುಹೋದರು. ಕಲ್ಲಿನಂತೆ ಗಟ್ಟಿಯಾದ ಹಿಮವನ್ನು ಯಂತ್ರಗಳಿಂದ ಕೊರೆದು, ರೇಡಾರ್ ಮತ್ತು ನಾಯಿಗಳ ನೆರವಿನಿಂದ ಹುಡುಕಿದ ತಂಡಕ್ಕೆ ಆರನೆಯ ದಿನ, ಸುಮಾರು 25 ಅಡಿ ಆಳದಲ್ಲಿ, ಧಾರವಾಡ ಜಿಲ್ಲೆಯ ಬೆಟದೂರಿನ ಲಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಜೀವಂತವಾಗಿ ಸಿಕ್ಕರು. ಕರ್ನಾಟಕದ ಮನೆಮನೆಯೂ ಹರಕೆ ಹೊತ್ತ ದಿನಗಳವು. ಫೆಬ್ರುವರಿ 11ರಂದು ದೆಹಲಿಯ ಆಸ್ಪತ್ರೆಯಲ್ಲಿ ಅವರು ತೀರಿಕೊಂಡರು. 2024ರ ಜೂನ್‌ನಲ್ಲಿ ಉತ್ತರಾಖಂಡದ ಸಹಸ್ರತಾಲ್ ಚಾರಣಕ್ಕೆ ಹೋಗಿದ್ದ, ಬಹುಪಾಲು ಕರ್ನಾಟಕದವರೇ ಇದ್ದ 22 ಮಂದಿಯ ತಂಡ ಹಿಮಗಾಳಿಗೆ ಸಿಕ್ಕಾಗ, ವಾಯುಪಡೆ ಮತ್ತು ಉತ್ತರಾಖಂಡದ ವಿಪತ್ತು ಪಡೆ 13 ಮಂದಿಯನ್ನು ಉಳಿಸಿ ತಂದವು. ಒಂಬತ್ತು ಮಂದಿ ಬದುಕಲಿಲ್ಲ. ಅದು ಮಹಾಶಿಖರವೇನಲ್ಲ, ಚಳಿ ಮತ್ತು ಗಾಳಿಗೆ ಅಷ್ಟು ಎತ್ತರವೇ ಸಾಕಾಯಿತು.

ಹೆಲಿಕಾಪ್ಟರಿನ ಕಾಲದಲ್ಲೂ ಕೊನೆಯ ಹಾದಿಯನ್ನು ಕಾಲೇ ಸವೆಸಬೇಕು ಎಂಬುದಕ್ಕೆ 2018ರ ಜನವರಿಯ ನಂಗಾ ಪರ್ಬತ ಒಳ್ಳೆಯ ಸಾಕ್ಷಿ. ಕೆ2 ಬುಡದಲ್ಲಿ ಚಳಿಗಾಲದ ಆರೋಹಣಕ್ಕೆ ಕಾದಿದ್ದ ಪೋಲೆಂಡ್ ತಂಡದ ಆಡಂ ಬಿಯೆಲೆಟ್‌ಸ್ಕಿ ಮತ್ತು ಡೆನಿಸ್ ಉರುಬ್ಕೊ ಸೇನಾ ಹೆಲಿಕಾಪ್ಟರಿನಲ್ಲಿ ಬಂದಿಳಿದು, ಇಡೀ ರಾತ್ರಿ ಕತ್ತಲಲ್ಲಿ ಸಾವಿರ ಮೀಟರಿಗೂ ಹೆಚ್ಚು ಏರಿ, ಅಲ್ಲಿ ಸಿಕ್ಕಿಕೊಂಡಿದ್ದ ಫ್ರಾನ್ಸಿನ ಎಲಿಜಬೆತ್ ರೆವೊಲ್ ಅವರನ್ನು ಕಂಡುಹಿಡಿದರು. ಇನ್ನೂ ಮೇಲೆ ಉಳಿದಿದ್ದ ರೆವೊಲ್ ಅವರ ಸಂಗಾತಿ ತೊಮಾಷ್ ಮಾಟ್‌ಸ್ಕೆವಿಚ್ ಅವರನ್ನು ಬಿಡಬೇಕಾಯಿತು. ಇದೇ ಬಿಯೆಲೆಟ್‌ಸ್ಕಿ 2023ರ ಏಪ್ರಿಲ್‌ನಲ್ಲಿ ಅನ್ನಪೂರ್ಣಾದ ಹಿಮಬಿರುಕಿಗೆ ಇಳಿದು, ಮೂರು ದಿನದಿಂದ ಅಲ್ಲೇ ಬಿದ್ದಿದ್ದ ರಾಜಸ್ಥಾನದ ಅನುರಾಗ್ ಮಾಲೂ ಅವರನ್ನು ಶೆರ್ಪಾಗಳೊಡನೆ ಹೊರತಂದರು.

ಅದಾದ ಮರುತಿಂಗಳು ಎವರೆಸ್ಟ್‌ನಲ್ಲಿ ಎಂಟು ಸಾವಿರ ಮೀಟರಿನ ಮೇಲೆ ಮಲೇಷ್ಯಾದ ಆರೋಹಿಯೊಬ್ಬರು ಹಗ್ಗ ಹಿಡಿದು ನಡುಗುತ್ತಿದ್ದುದನ್ನು ಗೆಲ್ಜೆ ಶೆರ್ಪಾ ಕಂಡರು. ಶಿಖರಕ್ಕೆ ಕರೆದೊಯ್ಯುತ್ತಿದ್ದ ತಮ್ಮ ಗಿರಾಕಿಯನ್ನು ಒಪ್ಪಿಸಿ ಹಿಂದಿರುಗಿದರು. ರೋಗಿಯನ್ನು ಮಲಗುವ ಚಾಪೆಯಲ್ಲಿ ಸುತ್ತಿ, ಹಿಮವಿದ್ದಲ್ಲಿ ಎಳೆದು, ಬಂಡೆ ಬಂದಲ್ಲಿ ಬೆನ್ನ ಮೇಲೆ ಹೊತ್ತು, ಸುಮಾರು ಆರು ತಾಸು ಇಳಿದರು. ನಡುವೆ ಇನ್ನೊಬ್ಬ ಶೆರ್ಪಾ ಜೊತೆಗೂಡಿದರು. ಮೂರನೆಯ ಶಿಬಿರದಿಂದ ಮುಂದಿನದನ್ನು ಹೆಲಿಕಾಪ್ಟರ್ ಹಗ್ಗ ನೋಡಿಕೊಂಡಿತು.

ಈಗ ಖುಂಬು ಕಣಿವೆಗೆ ಡ್ರೋನ್ ಬಂದಿದೆ. 2024ರ ಏಪ್ರಿಲ್‌ನ ಪರೀಕ್ಷೆಯಲ್ಲಿ ಅದು ಬೇಸ್ ಕ್ಯಾಂಪಿನಿಂದ ಮೊದಲ ಶಿಬಿರಕ್ಕೆ ಮೂರು ಆಮ್ಲಜನಕದ ಸಿಲಿಂಡರುಗಳನ್ನು ಒಯ್ದು, ಬರುವಾಗ ಕಸ ಹೊತ್ತು ತಂದಿತು. ಆ ಎತ್ತರದಲ್ಲಿ ಅದು ಹೊರಬಲ್ಲ ಭಾರ 15 ಕೆ.ಜಿ. ಚಳಿಬಟ್ಟೆ ತೊಟ್ಟ ಆರೋಹಿ ಅದರ ಐದಾರು ಪಟ್ಟು ತೂಗುತ್ತಾನೆ.