ವೆನಿಸ್ಸಿನಿಂದ ಜೆರುಸಲೇಮಿಗೆ: ಒಂದು ಪ್ರವಾಸದಾರಿಯ ಚರಿತ್ರೆ

ಒಂದೇ ಮೊತ್ತ ಕಟ್ಟಿಸಿಕೊಂಡು ಹಡಗು, ಊಟ, ಸುಂಕ, ಸವಾರಿ, ದುಬಾಷಿ ಎಲ್ಲವನ್ನೂ ಒದಗಿಸಿ, ಹಲವು ನಾಡುಗಳನ್ನು ತೋರಿಸಿ ಮರಳಿ ತಂದುಬಿಡುವ ಪ್ರವಾಸದ ಏರ್ಪಾಡನ್ನು ಇಂಗ್ಲೆಂಡಿನ ಥಾಮಸ್ ಕುಕ್‌ನ ಹೆಸರಿಗೆ ಬರೆಯುವುದು ವಾಡಿಕೆ. ಪೂರ್ವ ಮೆಡಿಟರೇನಿಯನ್ ತೀರದ ಮಟ್ಟಿಗಂತೂ ಅದು ಅರ್ಧಸತ್ಯ. ಕುಕ್‌ಗಿಂತ ನಾಲ್ಕು ಶತಮಾನ ಮೊದಲೇ ವೆನಿಸ್ ನಗರದಿಂದ ಜೆರುಸಲೇಮಿಗೆ ಹೊರಡುತ್ತಿದ್ದ ಯಾತ್ರೆಯಲ್ಲಿ ಇಂದಿನ ಗುಂಪು ಪ್ರವಾಸದ ಬಹುಪಾಲು ಅಂಗಗಳು ಇದ್ದವು. ಅವಸರವೂ ಗೊಣಗಾಟವೂ ಅವುಗಳಲ್ಲಿ ಸೇರಿವೆ.

1291ರಲ್ಲಿ ಆಕ್ರ್ ಕೋಟೆ ಬಿದ್ದ ಮೇಲೆ ಪ್ಯಾಲೆಸ್ಟೈನಿನಲ್ಲಿ ಕ್ರೈಸ್ತ ದೊರೆಗಳ ಆಳ್ವಿಕೆ ಮುಗಿಯಿತು. ಜೆರುಸಲೇಮ್ ಕೈರೋದ ಮಮ್ಲೂಕ್ ಸುಲ್ತಾನರ ಕೈಯಲ್ಲಿತ್ತು. ಸುಲ್ತಾನರೊಂದಿಗೆ ವ್ಯಾಪಾರದ ಒಪ್ಪಂದ ಮಾಡಿಕೊಂಡಿದ್ದ ವೆನಿಸ್, ಯುರೋಪಿನ ಯಾತ್ರಿಕರನ್ನು ಅಲ್ಲಿಗೆ ಸಾಗಿಸುವ ಕೆಲಸವನ್ನು ಒಂದು ಉದ್ಯಮವಾಗಿಯೇ ಬೆಳೆಸಿತು. ಆ ಉದ್ಯಮದ ಮೇಲೆ ಸರ್ಕಾರದ ಕಣ್ಣಿತ್ತು. ಯಾತ್ರಿಕರಿಗೆ ವಸತಿ ತೋರಿಸಿ, ಚೌಕಾಸಿಗೆ ನೆರವಾಗಲು ತೊಲೊಮಾರಿ ಎಂಬ ಅಧಿಕೃತ ಮಾರ್ಗದರ್ಶಿಗಳು ಸಂತ ಮಾರ್ಕನ ಚೌಕದಲ್ಲೂ ರಿಯಾಲ್ಟೊ ಪೇಟೆಯಲ್ಲೂ ಇರುತ್ತಿದ್ದರು. ಯಾತ್ರೆಯ ಕಾಲ ಬಂತೆಂದರೆ ಹಡಗಿನೊಡೆಯರು ಚೌಕದಲ್ಲಿ ಕೆಂಪು ಶಿಲುಬೆಯ ಬಿಳಿ ಬಾವುಟ ನೆಟ್ಟು ಗಿರಾಕಿಗಳನ್ನು ಕರೆಯುತ್ತಿದ್ದರು. ಒಬ್ಬ ಒಡೆಯನ ಆಳುಗಳು ಇನ್ನೊಬ್ಬನ ಹಡಗನ್ನು ಹಳಿಯುವುದೂ ನಡೆಯುತ್ತಿತ್ತು.

ಈ ವ್ಯವಹಾರದ ಒಳಗುಟ್ಟು ಚೆನ್ನಾಗಿ ತಿಳಿಯುವುದು ಜರ್ಮನಿಯ ಊಲ್ಮ್ ಪಟ್ಟಣದ ಡೊಮಿನಿಕನ್ ಸನ್ಯಾಸಿ ಫೆಲಿಕ್ಸ್ ಫಾಬ್ರಿಯಿಂದ. 1480ರಲ್ಲೂ 1483ರಲ್ಲೂ ಯಾತ್ರೆ ಮಾಡಿದ ಆತ ಲ್ಯಾಟಿನ್ನಿನಲ್ಲಿ ಬಹು ದೀರ್ಘವಾದ ವೃತ್ತಾಂತ ಬರೆದಿಟ್ಟ. ಎರಡನೆಯ ಸಲ ಅವನ ತಂಡ ಹಡಗಿನೊಡೆಯನೊಂದಿಗೆ ಮಾಡಿಕೊಂಡ ಕರಾರು ಅದರಲ್ಲಿದೆ. ತಲೆಗೆ 40 ಡುಕಾಟ್ ನಾಣ್ಯ. ಅರ್ಧ ವೆನಿಸ್ಸಿನಲ್ಲಿ, ಉಳಿದರ್ಧ ಪ್ಯಾಲೆಸ್ಟೈನಿನ ಬಂದರು ಯಾಫಾ ತಲುಪಿದ ಮೇಲೆ. ದಿನಕ್ಕೆರಡು ಊಟ, ಬೆಳಗಿನ ಊಟಕ್ಕೆ ಮೊದಲು ಒಂದು ಬಟ್ಟಲು ದ್ರಾಕ್ಷಾರಸ. ದಾರಿಯ ಬಂದರುಗಳಲ್ಲಿ ವೃಥಾ ತಂಗುವಂತಿಲ್ಲ. ಪುಣ್ಯನಾಡಿನ ಸುಂಕ, ರಹದಾರಿ, ಕತ್ತೆಗಳ ಬಾಡಿಗೆ ಎಲ್ಲವೂ ಒಡೆಯನ ಲೆಕ್ಕಕ್ಕೆ. ಯಾತ್ರಿಕರು ತಂದ ಕೋಳಿಗಳನ್ನು ಇಡಲು ಹಡಗಿನಲ್ಲಿ ಜಾಗ ಕೊಡಬೇಕು. ಯಾರಾದರೂ ದಾರಿಯಲ್ಲಿ ಸತ್ತರೆ ಅವರ ಸಾಮಾನಿಗೆ ಒಡೆಯ ಕೈ ಹಾಕುವಂತಿಲ್ಲ. ಒಂದೊಂದು ಕಲಮಿನ ಹಿಂದೆಯೂ ಮೊದಲ ಯಾತ್ರೆಯಲ್ಲಿ ಪಟ್ಟ ಪಾಡಿದೆ ಎಂದು ಊಹಿಸುವುದು ಕಷ್ಟವಲ್ಲ.

ಡಾಲ್ಮೇಷಿಯದ ಕರಾವಳಿ, ಕಾರ್ಫು, ಮೊಡಾನ್, ಕ್ರೀಟ್, ರೋಡ್ಸ್, ಸೈಪ್ರಸ್‌ಗಳನ್ನು ಹಾದು ಹಡಗು ಯಾಫಾ ಸೇರಲು ತಿಂಗಳೋ ಒಂದೂವರೆ ತಿಂಗಳೋ ಹಿಡಿಯುತ್ತಿತ್ತು. ದಾರಿಯ ಹಲವು ಬಂದರುಗಳು ವೆನಿಸ್ಸಿನವೇ. ಯಾಫಾದಲ್ಲಿ ಯಾತ್ರಿಕರು ಇಳಿದೊಡನೆ ಮಮ್ಲೂಕ್ ಅಧಿಕಾರಿಗಳು ಹೆಸರು ಬರೆದುಕೊಂಡು, ಕಡಲ ದಂಡೆಯ ಹಾಳು ನೆಲಮಾಳಿಗೆಗಳಲ್ಲಿ ಕೂಡಿಹಾಕುತ್ತಿದ್ದರು. ಸುಂಕದ ಲೆಕ್ಕ ತೀರಿದ ಮೇಲೆ ಕತ್ತೆಗಳ ಮೇಲೆ ರಮ್ಲಾ ಪಟ್ಟಣಕ್ಕೆ ಪಯಣ. ಅಲ್ಲಿಂದ ಮುಂದೆ ಅವರ ಹೊಣೆ ಜೆರುಸಲೇಮಿನ ಸಿಯೋನ್ ಗುಡ್ಡದ ಫ್ರಾನ್ಸಿಸ್ಕನ್ ಸನ್ಯಾಸಿಗಳದು. ಮಠದ ಮುಖ್ಯಸ್ಥ ಎಲ್ಲರನ್ನೂ ಕೂರಿಸಿ ನಿಯಮಗಳನ್ನು ಓದಿ ಹೇಳುತ್ತಿದ್ದ: ಮುಸ್ಲಿಮರ ಗೋರಿಗಳನ್ನು ತುಳಿಯಬೇಡಿ, ಯೇಸುವಿನ ಪವಿತ್ರ ಸಮಾಧಿಯಿಂದ ಚೂರು ಕೆತ್ತಿ ಒಯ್ಯಬೇಡಿ, ಗೋಡೆಗಳ ಮೇಲೆ ಹೆಸರನ್ನೋ ಮನೆತನದ ಲಾಂಛನವನ್ನೋ ಗೀಚಬೇಡಿ. ಕೊನೆಯ ನಿಯಮ ವಿಶೇಷವಾಗಿ ಶ್ರೀಮಂತರಿಗೆ. ಅವರು ಅದನ್ನು ಪಾಲಿಸಿದರೆನ್ನಲು ಹೆಚ್ಚು ಪುರಾವೆಯಿಲ್ಲ.

ನೋಡುವ ಸ್ಥಳಗಳ ಸರದಿಯನ್ನು ಸನ್ಯಾಸಿಗಳೇ ಗೊತ್ತುಮಾಡಿದ್ದರು. ಯಾವ ಕಲ್ಲಿನ ಮುಂದೆ ಯಾವ ಪ್ರಾರ್ಥನೆ, ಎಲ್ಲಿ ಎಷ್ಟು ಹೊತ್ತು ಎಂಬುದು ನಿಗದಿ. 1480ರಲ್ಲಿ ಫಾಬ್ರಿಗೆ ಪುಣ್ಯನಾಡಿನಲ್ಲಿ ಸಿಕ್ಕಿದ್ದು ಕೇವಲ ಒಂಬತ್ತು ದಿನ. ಹಗಲಿರುಳೆನ್ನದೆ ಓಡಾಡಿಸಿ ಕರೆತಂದರು, ಏನನ್ನೂ ಸರಿಯಾಗಿ ನೋಡಲಿಲ್ಲ ಎಂಬ ಕೊರಗೇ ಅವನನ್ನು ಮೂರು ವರ್ಷದ ನಂತರ ಮತ್ತೆ ಹೊರಡಿಸಿತು. ಎರಡನೆಯ ಸಲ ಸಾಮಾನ್ಯ ಯಾತ್ರಿಕರು ಹಡಗಿಗೆ ಮರಳಿದಾಗ ಅವನು ಮರಳಲಿಲ್ಲ. ಇಪ್ಪತ್ತರಷ್ಟು ಜನರ ತಂಡವೊಂದು ದುಬಾಷಿಯೊಂದಿಗೆ ಬೇರೆ ಕರಾರು ಮಾಡಿಕೊಂಡು ಸಿನಾಯ್ ಮರುಭೂಮಿ ದಾಟಿ, ಸಂತ ಕ್ಯಾಥರೀನಳ ಮಠ ನೋಡಿ, ಕೈರೋ ಮತ್ತು ಅಲೆಕ್ಸಾಂಡ್ರಿಯಕ್ಕೆ ಹೋಯಿತು. ಅಲ್ಲಿಂದ ಸಂಬಾರ ಪದಾರ್ಥ ಹೊತ್ತ ವೆನಿಸ್ಸಿನ ಹಡಗುಗಳಲ್ಲಿ ಊರಿಗೆ. ಅದೇ ತಂಡದಲ್ಲಿದ್ದ ಮೈನ್ಜ್‌ನ ಬರ್ನ್‌ಹಾರ್ಡ್ ಫಾನ್ ಬ್ರೈಡೆನ್‌ಬಾಖ್ ತನ್ನೊಂದಿಗೆ ಎರ್ಹಾರ್ಡ್ ರೋಯ್‌ವಿಖ್ ಎಂಬ ಚಿತ್ರಕಾರನನ್ನೂ ಕರೆದೊಯ್ದಿದ್ದ. 1486ರಲ್ಲಿ ಅವರು ಅಚ್ಚು ಹಾಕಿಸಿದ ಪುಸ್ತಕದಲ್ಲಿ ಮಡಿಚಿಟ್ಟ ಹಾಳೆಗಳಲ್ಲಿ ವೆನಿಸ್, ರೋಡ್ಸ್, ಜೆರುಸಲೇಮ್‌ಗಳ ನೋಟಗಳಿದ್ದವು. ಮನೆಯಲ್ಲೇ ಕುಳಿತು ದಾರಿಯನ್ನು ಕಣ್ಣಿಂದ ಕಾಣುವ ಅವಕಾಶ ಯುರೋಪಿನ ಓದುಗರಿಗೆ ಅದರಿಂದ ಸಿಕ್ಕಿತು.

ಈ ಉದ್ಯಮ ಮುಂದಿನ ಶತಮಾನದಲ್ಲಿ ಸೊರಗಿತು. 1516–17ರಲ್ಲಿ ಜೆರುಸಲೇಮ್ ಒಟ್ಟೊಮನ್ ತುರ್ಕರ ವಶವಾಯಿತು, 1522ರಲ್ಲಿ ರೋಡ್ಸ್, 1571ರ ಹೊತ್ತಿಗೆ ಸೈಪ್ರಸ್. ಉತ್ತರ ಯುರೋಪಿನಲ್ಲಿ ಮತಸುಧಾರಕರು ಯಾತ್ರೆಯೇ ವ್ಯರ್ಥವೆಂದು ಸಾರಿದರು. 17 ಮತ್ತು 18ನೆಯ ಶತಮಾನಗಳಲ್ಲಿ ಇಂಗ್ಲೆಂಡಿನ ಸಿರಿವಂತ ಯುವಕರು ಗುರುವೊಬ್ಬನ ಜೊತೆ ಫ್ರಾನ್ಸ್, ಇಟಲಿ ಸುತ್ತುವ ರೂಢಿ ಬೆಳೆಯಿತು. ಥಾಮಸ್ ಹಾಬ್ಸ್, ಆಡಂ ಸ್ಮಿತ್‌ರಂಥವರೂ ಅಂಥ ಗುರುಗಳಾಗಿ ಹೋದವರೇ. ಅದು ವರ್ಷಗಟ್ಟಲೆಯ ಖಾಸಗಿ ಓಡಾಟ, ಪೂರ್ವ ತೀರವನ್ನು ಮುಟ್ಟಿದ್ದು ಅಪರೂಪ.

ದಾರಿ ಮತ್ತೆ ತೆರೆದದ್ದು ಉಗಿಹಡಗಿನಿಂದ. 1840ರ ದಶಕದಲ್ಲಿ ಭಾರತಕ್ಕೆ ಹೋಗುವ ಇಂಗ್ಲಿಷರು ಅಲೆಕ್ಸಾಂಡ್ರಿಯದಲ್ಲಿ ಇಳಿದು, ಕೈರೋ ಮೂಲಕ ಸೂಯೆಜ್‌ಗೆ ಬಂದು ಮತ್ತೆ ಹಡಗು ಹತ್ತುತ್ತಿದ್ದರು. ಹೀಗೆ ಈಜಿಪ್ಟ್ ಹಾದಿಯ ಊರಾಯಿತು. ಒಳನಾಡಿಗೆ ಹೋಗಬಯಸುವವರಿಗೆ ದ್ರಾಗೊಮನ್ ಎಂಬ ದುಬಾಷಿಯೇ ಗತಿ. ಅವನು ಬರೀ ಮಾತು ತಿರುಗಿಸುವವನಲ್ಲ. ದಿನಕ್ಕಿಷ್ಟು ಎಂದು ಹಣ ಪಡೆದು ಕುದುರೆ, ಹೇಸರಗತ್ತೆ, ಡೇರೆ, ಅಡುಗೆಯವ, ಕಾವಲಿನವರನ್ನು ಹೊಂದಿಸುವ ಗುತ್ತಿಗೆದಾರ. ದಾರಿಯ ಶೇಖ್‌ಗಳಿಗೆ ಕೊಡಬೇಕಾದ್ದನ್ನು ಕೊಟ್ಟು, ಬಕ್ಷೀಸಿನ ಕಾಟ ಸುಧಾರಿಸುವವನೂ ಅವನೇ. ಅವನೊಂದಿಗೆ ಮಾಡುವ ಕರಾರನ್ನು ಯುರೋಪಿನ ದೇಶಗಳ ಕಾನ್ಸುಲ್ ಕಚೇರಿಯಲ್ಲಿ ನೋಂದಾಯಿಸುವ ರೂಢಿ ಇತ್ತು. ಪ್ರವಾಸ ಕಥನಗಳ ತುಂಬ ಅವನನ್ನು ಮೋಸಗಾರನೆಂದು ಜರೆದವರೇ ಹೆಚ್ಚು. ಆದರೆ ಅವನಿಲ್ಲದೆ ಯಾಫಾದಿಂದ ಹೊರಡಲಾಗುತ್ತಿರಲಿಲ್ಲ ಎಂಬುದನ್ನು ಆ ಕಥನಗಳೇ ಸಾಕಷ್ಟು ತೋರಿಸುತ್ತವೆ.

1867ರ ಜೂನ್‌ನಲ್ಲಿ ನ್ಯೂಯಾರ್ಕಿನಿಂದ ಕ್ವೇಕರ್ ಸಿಟಿ ಎಂಬ ಉಗಿಹಡಗು ಯುರೋಪ್ ಮತ್ತು ಪುಣ್ಯನಾಡಿನ ಸುತ್ತಾಟಕ್ಕೆ ಹೊರಟಿತು. ಶುಲ್ಕ 1,250 ಡಾಲರ್. ಪ್ರಯಾಣಿಕರಲ್ಲೊಬ್ಬ ಅಮೆರಿಕದ ಲೇಖಕ ಮಾರ್ಕ್ ಟ್ವೇನ್. 1869ರಲ್ಲಿ ಬಂದ ಅವನ ಪುಸ್ತಕ ತನ್ನ ಸಹಯಾತ್ರಿಕರನ್ನು ಎಷ್ಟು ಗೇಲಿ ಮಾಡಿತೆಂದರೆ, ಆ ಪ್ರವಾಸಕ್ಕೆ ಅದೇ ಶಾಶ್ವತ ದಾಖಲೆಯಾಗಿ ಉಳಿಯಿತು. ಮಾರ್ಗದರ್ಶಿಗಳೆಲ್ಲರನ್ನೂ ಫರ್ಗುಸನ್ ಎಂಬ ಒಂದೇ ಹೆಸರಿನಿಂದ ಕರೆಯುವುದು, ಸ್ಮಾರಕಗಳಿಂದ ಚೂರು ಒಡೆದುಕೊಳ್ಳುವುದು ಈ ತಂಡದ ಚಾಳಿ. ಸಿಯೋನ್ ಗುಡ್ಡದ ಸನ್ಯಾಸಿಗಳ ನಿಯಮಗಳನ್ನು ಓದಿ ಹೇಳುವವರು ಇವರಿಗೆ ಇರಲಿಲ್ಲ.

ಥಾಮಸ್ ಕುಕ್ ಈ ದಾರಿಗೆ ಬಂದದ್ದು ತಡವಾಗಿ. ಮದ್ಯಪಾನ ವಿರೋಧಿ ಪ್ರಚಾರಕನಾಗಿದ್ದ ಅವನು 1841ರ ಜುಲೈ 5ರಂದು ಲೆಸ್ಟರ್‌ನಿಂದ ಲಫ್‌ಬರೋಗೆ ಒಂದು ಶಿಲ್ಲಿಂಗಿಗೆ ಸುಮಾರು 500 ಜನರನ್ನು ರೈಲಿನಲ್ಲಿ ಕರೆದೊಯ್ದು ಆರಂಭಿಸಿದ್ದ. 1863ರಲ್ಲಿ ಸ್ವಿಟ್ಜರ್ಲೆಂಡ್, ಮರುವರ್ಷ ಇಟಲಿ. 1869ರ ಆರಂಭದಲ್ಲಿ ನೈಲ್ ನದಿಯ ಎರಡು ಉಗಿದೋಣಿ ಬಾಡಿಗೆಗೆ ಹಿಡಿದು ಮೂವತ್ತರ ಆಸುಪಾಸಿನ ಜನರನ್ನು ಈಜಿಪ್ಟ್ ಒಳಗೆ ಕರೆದೊಯ್ದ, ಆಮೇಲೆ ಪ್ಯಾಲೆಸ್ಟೈನ್. ಬೈಬಲ್ಲನ್ನು ಚಿಕ್ಕಂದಿನಿಂದ ಓದಿದ ಪ್ರಾಟೆಸ್ಟಂಟ್ ಮಧ್ಯಮ ವರ್ಗದವರಿಗೆ ಅದರ ಊರುಗಳನ್ನು ಕಣ್ಣಾರೆ ಕಾಣುವ ಆಸೆಯಿತ್ತು, ಖರ್ಚಿನ ಭಯವೂ ಇತ್ತು. ಕುಕ್ ಖರ್ಚನ್ನು ಮೊದಲೇ ಹೇಳಿದ. ವೆನಿಸ್ಸಿನ ಒಡೆಯನೂ ಹೇಳುತ್ತಿದ್ದ, ನಿಜ. ಆದರೆ ಕುಕ್‌ನ ದರ ಅಚ್ಚಾದ ಪಟ್ಟಿಯಲ್ಲಿತ್ತು, ಎಲ್ಲರಿಗೂ ಒಂದೇ, ವರ್ಷವರ್ಷವೂ ನಡೆಯುವಂಥದ್ದು. ಒಂಟಿ ಹೆಂಗಸರು ಗಂಡಸರ ಕಾವಲಿಲ್ಲದೆ ಇಂಥ ದೂರ ಬರಲಾರಂಭಿಸಿದ್ದು ಇದರ ದೊಡ್ಡ ಫಲ. ಮೊದಲ ತಂಡದ ಹೆಣ್ಣುಮಗಳೊಬ್ಬಳ ದಿನಚರಿಯಿಂದಲೇ ಆ ಪ್ರವಾಸದ ಅನೇಕ ವಿವರ ತಿಳಿದುಬಂದಿವೆ.

ಅದೇ ವರ್ಷ ನವೆಂಬರ್ 17ರಂದು ಸೂಯೆಜ್ ಕಾಲುವೆ ತೆರೆಯಿತು. ಮರುವರ್ಷ ಕುಕ್‌ನ ಮಗ ಜಾನ್ ಮೇಸನ್ ಕುಕ್ ಈಜಿಪ್ಟಿನ ದೊರೆ ಖೆದೀವನ ನೈಲ್ ಉಗಿದೋಣಿಗಳ ಏಜೆನ್ಸಿ ಪಡೆದ. ಹಾಯಿಯ ಮನೆದೋಣಿಯಲ್ಲಿ ಎರಡು ಮೂರು ತಿಂಗಳು ಹಿಡಿಯುತ್ತಿದ್ದ ನೈಲ್ ಪಯಣ ಮೂರು ವಾರಕ್ಕೆ ಇಳಿಯಿತು. ಹಾಯಿದೋಣಿಯವರು ಉಗಿದೋಣಿಯವರನ್ನು ಕಂಡು ಮೂಗು ಮುರಿದದ್ದಕ್ಕೆ ಅಮೀಲಿಯಾ ಎಡ್ವರ್ಡ್ಸ್‌ಳ 1877ರ ನೈಲ್ ಪ್ರವಾಸ ಪುಸ್ತಕ ಸಾಕ್ಷಿ. ಪ್ಯಾಲೆಸ್ಟೈನಿನಲ್ಲಿ ಕುಕ್ ದುಬಾಷಿಗಳನ್ನು ತೆಗೆದುಹಾಕಲಿಲ್ಲ, ತನ್ನ ಒಳಗೆಳೆದುಕೊಂಡ. ಬೈರೂತಿನ ಅಲೆಕ್ಸಾಂಡರ್ ಹೊವಾರ್ಡ್, ಯಾಫಾದಲ್ಲಿ ನೆಲೆಸಿದ್ದ ಅಮೆರಿಕದ ರೊಲ್ಲಾ ಫ್ಲಾಯ್ಡ್ ಮುಂತಾದವರು ಅವನಿಗಾಗಿ ದುಡಿದು, ಕೆಲವರು ಆಮೇಲೆ ಅವನಿಗೇ ಪೈಪೋಟಿಯಾದರು. ಮರುಭೂಮಿಯ ಬಿಡಾರಗಳಲ್ಲಿ ಕಬ್ಬಿಣದ ಮಂಚ, ಜಮಖಾನ, ಹಲವು ಬಗೆಯ ಊಟ. ಬೈಬಲ್ ಒಂದು ಕೈಯಲ್ಲಿ, 1876ರಿಂದ ಇಂಗ್ಲಿಷಿನಲ್ಲೂ ಸಿಗತೊಡಗಿದ ಬೇಡೆಕರ್ ಪ್ರವಾಸ ಕೈಪಿಡಿ ಇನ್ನೊಂದರಲ್ಲಿ.

ಭಾರತದ ಕೊಂಡಿ ಬರುವುದು ಈ ಹಂತದಲ್ಲಿ. 1872–73ರಲ್ಲಿ ಥಾಮಸ್ ಕುಕ್ ಒಂದು ಗುಂಪನ್ನು 222 ದಿನ ಭೂಮಂಡಲ ಸುತ್ತಿಸಿ ಭಾರತಕ್ಕೂ ತಂದ. 1886ರಲ್ಲಿ ಬ್ರಿಟಿಷ್ ಭಾರತ ಸರ್ಕಾರ ಮುಂಬಯಿಯಿಂದ ಜಿದ್ದಾಗೆ ಹಜ್ ಯಾತ್ರಿಕರನ್ನು ಸಾಗಿಸುವ ಏರ್ಪಾಡನ್ನು ಕುಕ್ ಸಂಸ್ಥೆಗೆ ವಹಿಸಿತು. ಬಡ ಯಾತ್ರಿಕರ ಸಾಗಣೆಯಲ್ಲಿ ಲಾಭ ಕಾಣದೆ ಆ ಒಪ್ಪಂದ ಹತ್ತು ವರ್ಷವೂ ನಿಲ್ಲಲಿಲ್ಲ. ಪೂರ್ವದ ನಾಡುಗಳಲ್ಲಿ ಸಂಸ್ಥೆಯ ಗೆಲುವು ಅನುಕೂಲಸ್ಥರಿಂದಲೇ ಬಂದದ್ದು. 1898ರಲ್ಲಿ ಜರ್ಮನಿಯ ಚಕ್ರವರ್ತಿ ಎರಡನೆಯ ವಿಲ್ಹೆಲ್ಮ್‌ನ ಜೆರುಸಲೇಮ್ ಭೇಟಿಯ ವ್ಯವಸ್ಥೆ ಅದೇ ಸಂಸ್ಥೆಯದು. ಅವನ ಸಾರೋಟಿಗಾಗಿ ಯಾಫಾ ಬಾಗಿಲಿನ ಪಕ್ಕದ ಕಂದಕ ತುಂಬಿಸಿ ಗೋಡೆ ಒಡೆದು ದಾರಿ ಮಾಡಲಾಯಿತು. ಇಂದು ಮೋಟಾರು ವಾಹನಗಳು ಹಳೆ ಪಟ್ಟಣಕ್ಕೆ ನುಗ್ಗುವುದು ಅದರ ಮೂಲಕವೇ.

ಆ ಕಾಲದ ಬಗ್ಗೆ ಗಮನಿಸಬೇಕಾದ ಒಂದು ಸಂಗತಿ: ಕೈರೋದಿಂದ ಜೆರುಸಲೇಮ್, ದಮಾಸ್ಕಸ್, ಬೈರೂತ್, ಇಸ್ತಾಂಬುಲ್‌ವರೆಗಿನ ಸುತ್ತು ಹಲವು ಜನಾಂಗ, ಹಲವು ಭಾಷೆಗಳ ಪ್ರವಾಸವಾಗಿದ್ದರೂ, ಕಾಗದದ ಮೇಲಾದರೂ ಒಬ್ಬನೇ ಸುಲ್ತಾನನ ಸಾಮ್ರಾಜ್ಯದೊಳಗಿನದು. ಮೊದಲ ಮಹಾಯುದ್ಧ ಅದನ್ನು ಹರಿದು ಹಂಚಿತು. ಸಿರಿಯಾ, ಲೆಬನಾನ್ ಫ್ರೆಂಚರಿಗೆ. ಪ್ಯಾಲೆಸ್ಟೈನ್, ಟ್ರಾನ್ಸ್‌ಜೋರ್ಡಾನ್ ಬ್ರಿಟಿಷರಿಗೆ. ಆಚೆ ತುರ್ಕಿ ಗಣರಾಜ್ಯ, ಈಚೆ ಈಜಿಪ್ಟ್. ಆದರೂ ಎರಡು ಯುದ್ಧಗಳ ನಡುವಿನ ಕಾಲ ಪ್ರವಾಸಿಗೆ ಅನುಕೂಲವೇ ಆಯಿತು. ಗಡಿಗಳಿದ್ದವು, ಆದರೆ ತೆರೆದಿದ್ದವು. 1930ರಿಂದ ಇಸ್ತಾಂಬುಲ್‌ನಿಂದ ಟಾರಸ್ ಎಕ್ಸ್‌ಪ್ರೆಸ್‌ನಲ್ಲಿ ಲೆಬನಾನಿನ ಟ್ರಿಪೊಲಿಗೆ, ಅಲ್ಲಿಂದ ಮೋಟಾರಿನಲ್ಲಿ ಹೈಫಾಗೆ, ಹೈಫಾದಿಂದ ರೈಲಿನಲ್ಲಿ ಸೂಯೆಜ್ ಕಾಲುವೆಯ ದಂಡೆಗೂ ಮುಂದೆ ಕೈರೋಗೂ ಹೋಗಬಹುದಿತ್ತು. ದಮಾಸ್ಕಸ್‌ನಿಂದ ಬಾಗ್ದಾದಿಗೆ ನೈರ್ನ್ ಸೋದರರ ಮೋಟಾರುಗಳು 1923ರಿಂದಲೇ ಮರುಭೂಮಿ ದಾಟುತ್ತಿದ್ದವು. ಪ್ಯಾಲೆಸ್ಟೈನಿನಲ್ಲಿ ಬ್ರಿಟಿಷರು ಮಾರ್ಗದರ್ಶಿಗಳಿಗೆ ಪರವಾನಗಿ ಕಡ್ಡಾಯ ಮಾಡಿದರು. ಹಳೆಯ ದುಬಾಷಿಯ ಗುತ್ತಿಗೆ ಕೆಲಸ ಟ್ರಾವೆಲ್ ಏಜೆನ್ಸಿಗಳ ಪಾಲಾಗಿ, ವಿವರಿಸುವ ಕೆಲಸವಷ್ಟೇ ಅವನಲ್ಲಿ ಉಳಿಯಿತು.

1948ರ ಯುದ್ಧ ದಾರಿಯನ್ನು ತುಂಡರಿಸಿತು. ಜೆರುಸಲೇಮ್ ಎರಡಾಯಿತು, ಹಳೆ ಪಟ್ಟಣವೂ ಬೆತ್ಲೆಹೇಮೂ ಜೋರ್ಡಾನಿನಲ್ಲಿ, ಪಶ್ಚಿಮ ಭಾಗ ಇಸ್ರೇಲಿನಲ್ಲಿ. ನಡುವೆ ಮ್ಯಾಂಡಲ್‌ಬಾಮ್ ಗೇಟ್ ಎಂಬ ತಪಾಸಣೆಯ ಕಿಂಡಿ. ಪಾಸ್‌ಪೋರ್ಟಿನಲ್ಲಿ ಇಸ್ರೇಲಿನ ಮುದ್ರೆ ಬಿದ್ದರೆ ಅರಬ್ ದೇಶಗಳು ಒಳಗೆ ಬಿಡುತ್ತಿರಲಿಲ್ಲ. ಆದ್ದರಿಂದ ಪ್ರವಾಸದ ಏರ್ಪಾಡುದಾರರು ಬೈರೂತ್, ದಮಾಸ್ಕಸ್, ಅಮ್ಮಾನ್‌ಗಳನ್ನು ಮೊದಲು ಮುಗಿಸಿ, ಕೊನೆಯಲ್ಲಿ ಆ ಕಿಂಡಿ ದಾಟಿಸಿ ಇಸ್ರೇಲಿನಿಂದ ವಿಮಾನ ಹತ್ತಿಸುತ್ತಿದ್ದರು. ಯಾವ ಊರನ್ನು ಮೊದಲು ನೋಡಬೇಕೆಂಬುದನ್ನು ಈಗ ನಿರ್ಧರಿಸುತ್ತಿದ್ದುದು ಪ್ರಾರ್ಥನೆಯ ಕ್ರಮವಲ್ಲ, ರಬ್ಬರ್ ಮುದ್ರೆ.

1967ರ ನಂತರ ನಗರವಿಡೀ ಇಸ್ರೇಲಿನ ಹತೋಟಿಗೆ ಬಂತು. 1979ರಲ್ಲಿ ಈಜಿಪ್ಟ್, 1994ರಲ್ಲಿ ಜೋರ್ಡಾನ್ ಇಸ್ರೇಲಿನೊಂದಿಗೆ ಒಪ್ಪಂದ ಮಾಡಿಕೊಂಡ ಮೇಲೆ ಮೂರು ದೇಶಗಳ ಸುತ್ತು ಮತ್ತೆ ಕೂಡಿಬಂತು; ಸಿರಿಯಾ, ಲೆಬನಾನ್ ಅದರ ಹೊರಗುಳಿದವು. ಮಂಗಳೂರು, ಬೆಂಗಳೂರಿನ ಕ್ರೈಸ್ತ ಕುಟುಂಬಗಳು ಪಾದ್ರಿಯೊಬ್ಬರ ಜೊತೆ ಗುಂಪಾಗಿ ಹೋಗಿಬರುತ್ತಿದ್ದ ಹತ್ತು ಹನ್ನೆರಡು ದಿನಗಳ ಪುಣ್ಯನಾಡಿನ ಪ್ರವಾಸವೂ ಸಾಮಾನ್ಯವಾಗಿ ಇದೇ ಆಗಿತ್ತು: ಅಮ್ಮಾನ್, ನೆಬೋ ಬೆಟ್ಟ, ಜೋರ್ಡಾನ್ ನದಿ ದಾಟಿ ಗಲಿಲಾಯ, ಜೆರುಸಲೇಮ್, ಬೆತ್ಲೆಹೇಮ್, ತಾಬಾ ಗಡಿಯಿಂದ ಸಿನಾಯ್, ಕೊನೆಗೆ ಕೈರೋ. ಸಿನಾಯ್‌ನಿಂದ ಕೈರೋವರೆಗಿನ ಭಾಗ ಹೆಚ್ಚುಕಡಿಮೆ ಫಾಬ್ರಿ ಬೇರೆ ಕರಾರು ಮಾಡಿಕೊಂಡು ಹೋದ ಹಾದಿ. ಈ ಪ್ರವಾಸದಲ್ಲಿ ಅದು ಮೂಲ ಶುಲ್ಕದಲ್ಲೇ ಸೇರಿತ್ತು. ಪ್ರತಿ ಗಡಿಯಲ್ಲೂ ಬಸ್ಸು ಬದಲಾಗುತ್ತಿತ್ತು, ಮಾರ್ಗದರ್ಶಿಯೂ ಬದಲಾಗುತ್ತಿದ್ದ. ಒಂದು ದೇಶದ ಪರವಾನಗಿ ಇನ್ನೊಂದರಲ್ಲಿ ನಡೆಯದ ಕಾರಣ, ಇಡೀ ದಾರಿಯನ್ನು ಒಬ್ಬನೇ ಬಲ್ಲ ದುಬಾಷಿ ಈ ಪ್ರವಾಸದಲ್ಲಿ ಇರಲಿಲ್ಲ. ಆದಿಯಿಂದ ಅಂತ್ಯದವರೆಗೆ ಗುಂಪಿನ ಜೊತೆಗಿರುತ್ತಿದ್ದವರು ಪಾದ್ರಿ ಮತ್ತು ಊರಿನಿಂದಲೇ ಬಂದ ಟೂರ್ ಮ್ಯಾನೇಜರ್. ಅಕ್ಟೋಬರ್ 2023ರಲ್ಲಿ ಗಾಜಾ ಯುದ್ಧ ಶುರುವಾದಾಗ ಈ ಸುತ್ತು ಮತ್ತೊಮ್ಮೆ ನಿಂತಿತು.